ನಂಬರ್ ಬೀಗದ ಅವಾಂತರ

ಬದಿಯಡ್ಕದ ನಮ್ಮ ಹಳೇ ಮನೆಗೆ ಮಗ ನಂಬರ್ ಒತ್ತುವ ಬೀಗ ತಂದ. ಅರ್ಧ ಗಂಟೆಯ ಕೆಲಸ ಅಂದ. ಅದು ಕೂರುವುದು 35ರಿಂದ 50 ಮಿಲಿಮೀಟರ್ ದಪ್ಪದ ಬಾಗಿಲಿಗೆ. ನಮ್ಮದು ಅಜ್ಜನ ಕಾಲದ ಹಲಸಿನ ಮರದ್ದು, ಅದಕ್ಕಿಂತ ದಪ್ಪ. ಬೋಲ್ಟ್ ಆಚೆ ಬದಿಗೆ ಮುಟ್ಟುವುದೇ ಇಲ್ಲ! ಆಚಾರಿ ಬಂದು ಒಳಗಿಂದ ಕೆತ್ತಿ ಹೇಗೋ ಕೂರಿಸಿದರು.

ಮಳೆಗಾಲದ ಆಟಿ ತಿಂಗಳು ಬಂತು. ಮಳೆಗೆ ಮರ ಉಬ್ಬಿತು, ಬೀಗದ ನಾಲಿಗೆ ಚೌಕಟ್ಟಿನ ತೂತಿನಲ್ಲಿ ಬಿಗಿದು ಸಲೀಸಾಗಿ ಸರಿಯದು. ನಂಬರ್ ಒತ್ತಿದರೆ ಮೋಟರ್ ಸುಮ್ನೆ ಗುರ್ ಅನ್ನುತ್ತದೆ. ಹಾಗೆ ತಿಣುಕಿ ತಿಣುಕಿ ನಾಲ್ಕೂ ಪೆನ್ಸಿಲ್ ಸೆಲ್ ಖಾಲಿ. ಹೊರಗಿಂದ 9 ವೋಲ್ಟ್ ಬ್ಯಾಟರಿ ತಾಗಿಸಿ ನಂಬರ್ ಒತ್ತಿದರೆ ತೆರೆಯುತ್ತದೆ, ನಿಜ. ಆ ಬ್ಯಾಟರಿ ಎಲ್ಲಿದೆ? ಮನೆಯೊಳಗಿನ ಕಪಾಟಿನಲ್ಲಿ!

ಅಮ್ಮ ಈಗ ಹಿಂಬಾಗಿಲಿಗೆ ಚಿಲಕವನ್ನೇ ಹಾಕದೆ ತೋಟಕ್ಕೆ ಹೋಗುತ್ತಾರೆ.