ವಾರ್ಟ್‌ಹಾಗ್‌ಗೆ 30 ವರ್ಷ ಆಯಸ್ಸು ಅನ್ನೋದು ಸುಳ್ಳು

ಆಫ್ರಿಕಾದ ವಾರ್ಟ್‌ಹಾಗ್ ಹಂದಿ ತಾನೇ ಬಿಲ ತೋಡಿಕೊಂಡು 30 ವರ್ಷ ಹಾಯಾಗಿ ಬದುಕುತ್ತದೆ ಎಂಬ ಮೆಸೇಜ್ ಓಡಾಡುತ್ತಿದೆ. ಎರಡೂ ಸರಿಯಲ್ಲ.

ಕಾಡಿನಲ್ಲಿ ಅದು 15 ವರ್ಷ ದಾಟುವುದೇ ಅಪರೂಪ. ಸಿಂಹ, ಚಿರತೆ, ಕತ್ತೆಕಿರುಬ ಎಲ್ಲಕ್ಕೂ ಅದರ ಮೇಲೇ ಕಣ್ಣು. ಬಹಳಷ್ಟು ಮರಿಗಳು ಮೊದಲ ವರ್ಷವನ್ನೇ ದಾಟುವುದಿಲ್ಲ. ಇನ್ನು ಹಾಯಾಗಿ ಎಲ್ಲಿಂದ ಬಂತು?

ಬಿಲವೂ ಹೆಚ್ಚಾಗಿ ಸ್ವಂತದ್ದಲ್ಲ, ಗೆದ್ದಲು ತಿನ್ನುವ ಆರ್ಡ್‌ವಾರ್ಕ್ ಎಂಬ ಪ್ರಾಣಿ ತೋಡಿ ಬಿಟ್ಟುಹೋದದ್ದು. ಅದರೊಳಗೆ ಹೋಗುವ ರೀತಿ ನೋಡಬೇಕು! ಮರಿಗಳು ತಲೆ ಮುಂದೆ ಮಾಡಿ ನುಗ್ಗುತ್ತವೆ. ದೊಡ್ಡ ಹಂದಿ ಮಾತ್ರ ಹಿಂದೆ ಹಿಂದೆ ಸರಿಯುತ್ತಾ ಇಳಿಯುತ್ತದೆ. ಆಗ ಕೋರೆಹಲ್ಲು ಬಿಲದ ಬಾಯಿಯ ಕಡೆಗೇ ಇರುತ್ತದೆ. ಒಳಗೆ ತಲೆ ಹಾಕಿದವರಿಗೆ ಮೊದಲು ಸಿಗುವುದು ಅದೇ.

ಅಂದ ಹಾಗೆ, ಮುಖದ ಗಂಟುಗಳು ಕಾಯಿಲೆ ಅಲ್ಲ. ಗಂಡುಗಳ ಕಾದಾಟದಲ್ಲಿ ಪೆಟ್ಟು ತಡೆಯುವ ದಪ್ಪ ಚರ್ಮ ಅಷ್ಟೇ.