ಹತ್ತು ಹೆಜ್ಜೆಗೆ ಎರಡು ವಾಕ್ಯ

ಸಾಕ್ಷ್ಯಚಿತ್ರಗಳಲ್ಲಿ ಕಾಣಿಸಿಕೊಂಡು ಇತಿಹಾಸವನ್ನೋ ಕಾಡುಮೇಡನ್ನೋ ವಿವರಿಸುವ ಲೇಖಕರ ಮೇಲೆ ನನಗೆ ಬಹುಕಾಲ ಹೊಟ್ಟೆಕಿಚ್ಚಿತ್ತು. ನಾವು ಒಂದು ಪುಟ ಬರೆಯಲು ಬೆನ್ನು ಬಗ್ಗಿಸಿ ಕೂರಬೇಕು. ಅವರಾದರೋ ಬೆಟ್ಟ ಹತ್ತಿ, ಬಂಡೆಗೊರಗಿ ನಾಲ್ಕು ಮಾತಾಡಿದರೆ ಮುಗಿಯಿತು ಎಂದುಕೊಂಡಿದ್ದೆ. ಬಳ್ಳಾರಿಯ ಮಗ್ಗುಲಿನ ಸಂಗನಕಲ್ಲು–ಕಪ್ಪಗಲ್ಲಿನ ಗುಡ್ಡಕ್ಕೆ ಅಂಥವರೊಬ್ಬರು ಬಂದಾಗ, ದಾರಿ ತೋರಿಸುವ ನೆಪದಲ್ಲಿ ಒಂದು ಬೆಳಗು ಅವರ ಹಿಂದೆ ಅಲೆದ ಮೇಲೆ ಆ ಕಿಚ್ಚು ಸಾಕಷ್ಟು ತಣ್ಣಗಾಯಿತು.

ಅವರು ಎರಡು ಪುಟ ಬರೆದು ತಂದಿದ್ದರು. ಇಲ್ಲಿನ ಬಂಡೆಚಿತ್ರಗಳ ಬಗ್ಗೆ ಪೊಲೀಸ್ ಅಧಿಕಾರಿ ಫಾಸೆಟ್ 1892ರಲ್ಲಿಯೇ ಬರೆದದ್ದು, ಸುಮಾರು 4,000 ವರ್ಷಗಳ ಹಿಂದೆ ನವಶಿಲಾಯುಗದ ದನಗಾಹಿಗಳು ಇಲ್ಲಿ ನೆಲೆಸಿದ್ದು, ಎಲ್ಲವೂ ಅದರಲ್ಲಿತ್ತು. ಆದರೆ ಕ್ಯಾಮೆರಾದ ಮುಂದೆ ನಡೆಯಲು ಸಿಕ್ಕಿದ್ದು ಹತ್ತು ಹೆಜ್ಜೆ, ಅಷ್ಟರಲ್ಲಿ ಹಿಡಿಯುವುದು ಎರಡೇ ವಾಕ್ಯ. ಬಂಡೆಯ ಮೇಲೇ ಕುಳಿತು ಪೆನ್ನು ಹಿಡಿದು ಹೊಡೆದುಹಾಕತೊಡಗಿದರು. ಬಂಡೆಚಿತ್ರದ ಗೂಳಿಯ ಡುಬ್ಬ, ಉದ್ದನೆಯ ಕೊಂಬು ಮೊದಲು ಹೋದವು. ಕಣ್ಣಿಗೆ ಕಾಣುತ್ತಿರುವುದನ್ನು ಬಾಯಲ್ಲಿ ಹೇಳಬಾರದಂತೆ. ಫಾಸೆಟ್ ಸಾಹೇಬನೂ ಹೋದ. ಉಳಿದದ್ದು ಕಾಣದಿರುವ ಸಂಗತಿ: ಆ ಜನ ಸಗಣಿಯನ್ನು ಒಟ್ಟಿ ಮತ್ತೆ ಮತ್ತೆ ಸುಟ್ಟಿದ್ದರಿಂದ ಕುಡತಿನಿಯಂಥ ಕಡೆಗಳಲ್ಲಿ ಬೂದಿದಿಬ್ಬಗಳೇ ಎದ್ದು ನಿಂತವು ಎಂಬುದು. ಹಂಪಿಯ ಬಳಿಯ ನಿಂಬಾಪುರದ ಅಂಥದೇ ದಿಬ್ಬವನ್ನು ಜನ ವಾಲಿಯನ್ನು ಸುಟ್ಟ ಬೂದಿ ಎನ್ನುತ್ತಾರೆಂಬ ಮಾತನ್ನು ನಿರ್ದೇಶಕರು ಬೇಡವೆಂದರೂ ಅವರು ಬಿಡಲಿಲ್ಲ. ಸರಿಯಾದ ಹಟವೆಂದೇ ನನಗನ್ನಿಸಿತು. ಬೂದಿಯ ಗುಟ್ಟನ್ನು ಮೊದಲು ಕೇಳಿದವರು ಸಂಶೋಧಕರಲ್ಲ, ಆ ಊರಿನವರು.

ಆಮೇಲೆ ನಡಿಗೆ. ಒಮ್ಮೆ ಮೋಡ ಬಂತು, ಒಮ್ಮೆ ಕಾಲು ಜಾರಿತು, ಒಮ್ಮೆ ದೂರದಲ್ಲೆಲ್ಲೋ ಕಲ್ಲು ಸೀಳುವ ಯಂತ್ರ ಗುರುಗುಟ್ಟಿತು. ಏಳನೆಯ ಸಲಕ್ಕೆ ಕುರಿಹಿಂಡೊಂದು ಚೌಕಟ್ಟಿನೊಳಗೆ ನುಗ್ಗಿತು. ಹಿಂಡಿನ ಹಿಂದೆ ಬಂದ ಅಜ್ಜ ಕೋಲೂರಿ ನಿಂತು, "ಅಲ್ರೀ ಸರ, ಮೊದ್ಲ ಸಲನ ಚೆಂದ ಹೇಳಿದ್ರಲ್ರೀ, ಮತ್ಯಾಕ ಅದನ್ನ ಹೇಳಾಕ ಹತ್ತೀರಿ?" ಎಂದು ಕೇಳಿದ. "ನೀ ಹೇಳೂದು ಖರೆ ಐತಿ ಅಜ್ಜ" ಎಂದು ನಕ್ಕು ಆ ಲೇಖಕರು ಮತ್ತೆ ಮೊದಲ ಹೆಜ್ಜೆಯ ಜಾಗಕ್ಕೆ ಹೋಗಿ ನಿಂತರು.

ಕೊನೆಗೆ ಬಂದದ್ದು ಆ ಗುಡ್ಡದ ವಿಶೇಷವಾದ ನಾದದ ಕಲ್ಲು. ಗ್ರಾನೈಟ್ ಬೆಟ್ಟವನ್ನು ಸೀಳಿಕೊಂಡು ಹೋಗಿರುವ ಕರಿಯ ಡೊಲೆರೈಟ್ ಶಿಲೆಯ ಕೆಲವು ಬಂಡೆಗಳಲ್ಲಿ ಬಡಿದು ಬಡಿದು ನುಣುಪಾದ ಕುಳಿಗಳಿವೆ. ಅಲ್ಲಿ ಕಲ್ಲಿನಿಂದ ತಟ್ಟಿದರೆ ಕಂಚಿನಂತೆ ಮೊಳಗುತ್ತದೆ. ಇದಕ್ಕಾಗಿ ಅವರು ಅರ್ಧ ಪುಟ ಬರೆದಿದ್ದರು. ಒಮ್ಮೆ ತಟ್ಟಿ ಕೇಳಿದವರು ಹಾಳೆಯನ್ನು ಮಡಚಿ ಜೇಬಿಗಿಟ್ಟರು. ಸದ್ದಡಗಲೆಂದು ಎಲ್ಲರೂ ಅರ್ಧ ಗಂಟೆ ಕಾದೆವು. ಮೂರು ಸಲ ತಟ್ಟಿದರು, ಒಂದು ಮಾತನ್ನೂ ಆಡಲಿಲ್ಲ.

ತಿಂಗಳುಗಳ ನಂತರ ಮನೆಯವರೊಂದಿಗೆ ಕುಳಿತು ಆ ಚಿತ್ರ ನೋಡಿದೆ. ಗೂಳಿ ಇತ್ತು, ವಾಲಿ ಇದ್ದ, ಹತ್ತು ಹೆಜ್ಜೆಗಳೂ ಇದ್ದವು. ಕಲ್ಲು ಮೂರನೆಯ ಸಲ ಮೊಳಗಿ ನಾದ ಇನ್ನೇನು ಕರಗಬೇಕೆನ್ನುವಾಗ, ಬಹಳ ದೂರದಿಂದ, ಅಜ್ಜನ ಕುರಿಯೊಂದು ಬ್ಯಾ ಎಂದಿತು.