ಫೈಲ್ ಸರಿಯಾಗಿದೆ, ಮೋರಿ ನೀರು ಹಳದಿ

ಬೆಂಗಳೂರಿನ ಪೀಣ್ಯದಲ್ಲಿ ಒಂದು ಚಿಕ್ಕ ಪ್ಲೇಟಿಂಗ್ ಶೆಡ್, ಅಂದ್ರೆ ಲೋಹದ ಪಾರ್ಟ್‌ಗಳಿಗೆ ಕ್ರೋಮ್‌ನಂಥ ಲೇಪ ಹಾಕುವ ಶೆಡ್ ನಡೆಸೋಕೆ ಎಷ್ಟು ಕಾಗದ ಬೇಕು ಗೊತ್ತಾ? ಪಾಲಿಕೆಯ ಟ್ರೇಡ್ ಲೈಸೆನ್ಸ್, ಉದ್ಯಮ್ ನೋಂದಣಿ, ಜಿಎಸ್‌ಟಿ, ಬೆಸ್ಕಾಂ ಮಂಜೂರಾತಿ. ಇವುಗಳ ಜೊತೆ ಮಾಲಿನ್ಯ ನಿಯಂತ್ರಣ ಮಂಡಳಿಯ ಒಪ್ಪಿಗೆ ಎರಡು ಸಲ ಬೇಕು. ಶೆಡ್ ಹಾಕುವ ಮುಂಚೆ ಒಂದು, ಕೆಲಸ ಶುರು ಮಾಡೋಕೆ ಇನ್ನೊಂದು. ಪ್ಲೇಟಿಂಗ್ ಕೆಂಪು ವರ್ಗದ ಉದ್ಯಮ, ಅಂದ್ರೆ ಅತಿ ಹೆಚ್ಚು ಮಾಲಿನ್ಯದ ಗುಂಪು, ಹಾಗಾಗಿ ನಿಯಮ ಬಿಗಿ. ಬಿಗಿ ಇರಲೇಬೇಕು, ಅದರಲ್ಲಿ ನನಗೆ ತಕರಾರಿಲ್ಲ.

ತಕರಾರು ಇರೋದು ತಪಾಸಣೆ ನಡೆಯುವ ರೀತಿಯ ಬಗ್ಗೆ. ನಮ್ಮ ವರ್ಕ್‌ಶಾಪಿನಲ್ಲಿ ಟರ್ನಿಂಗ್ ಮಾಡಿದ (ಲೇತ್‌ನಲ್ಲಿ ಕಡೆದ) ಪಾರ್ಟ್‌ಗಳು ವರ್ಷಗಳಿಂದ ಇಂಥ ಶೆಡ್‌ಗಳಿಗೆ ಹೋಗುತ್ತವೆ. ತಪಾಸಣೆ ಅಂದ್ರೆ ನಾನು ಜಾಸ್ತಿ ನೋಡಿರೋದು ಟೇಬಲ್ ಮೇಲೆ ಫೈಲ್ ಬಿಚ್ಚಿಡುವುದನ್ನೇ. ಹಿಂದುಗಡೆ ಮೋರಿಯ ನೀರನ್ನು ಬಾಟಲಿಗೆ ತುಂಬಿಕೊಂಡು ಹೋಗೋದು ಅಪರೂಪ.

ಆ ನೀರಿನಲ್ಲಿ ಏನಿರುತ್ತೆ ಅನ್ನೋದೇ ಮುಖ್ಯ. ಕ್ರೋಮ್ ಟ್ಯಾಂಕಿನಿಂದ ಎತ್ತಿದ ಪಾರ್ಟನ್ನು ತೊಳೆದಾಗ ನೀರು ಹಳದಿಯಾಗುತ್ತೆ. ಅದು ಹೆಕ್ಸಾವೇಲೆಂಟ್ ಕ್ರೋಮಿಯಂ, ಕ್ಯಾನ್ಸರ್ ತರುವ ವಸ್ತು. ಹೊರಗೆ ಬಿಡುವ ನೀರಿನಲ್ಲಿ ಅದು ಲೀಟರಿಗೆ 0.1 ಮಿಲಿಗ್ರಾಂ ದಾಟುವಂತಿಲ್ಲ. ಶುದ್ಧ ಮಾಡುವ ವಿಧಾನ ಹಳೆಯದು, ಎಲ್ಲರಿಗೂ ಗೊತ್ತಿರೋದು. ಆಸಿಡ್ ಹಾಕಿ, ಸೋಡಿಯಂ ಮೆಟಾಬೈಸಲ್ಫೈಟ್ ಬೆರೆಸಿದರೆ ಹಳದಿ ಹೋಗಿ ಹಸಿರು ಬರುತ್ತೆ. ಆಮೇಲೆ ಸುಣ್ಣ ಹಾಕಿದರೆ ಕ್ರೋಮಿಯಂ ಕೆಸರಾಗಿ ತಳ ಸೇರುತ್ತೆ. ಆ ಕೆಸರನ್ನು ಒಣಗಿಸಿ ದಾಬಸ್‌ಪೇಟೆಯ ಅಪಾಯಕಾರಿ ತ್ಯಾಜ್ಯ ಘಟಕದಂಥ ಕಡೆಗೆ ಕಳಿಸಬೇಕು.

ಇಷ್ಟಕ್ಕೆಲ್ಲ ದುಡ್ಡು ಬೇಕು. ರಾಸಾಯನಿಕಕ್ಕೆ, ಕೆಸರು ಸಾಗಿಸೋಕೆ, ಇದನ್ನೇ ನೋಡಿಕೊಳ್ಳುವ ಒಬ್ಬ ಆಳಿಗೆ. ನಾಲ್ಕೈದು ಜನ ಕೆಲಸ ಮಾಡುವ ಶೆಡ್ ಇದನ್ನು ಒಂಟಿಯಾಗಿ ಹೇಗೆ ಹೊರಬೇಕು? ಮೇಲಿಂದ, ಕೆಲಸ ಕೊಡುವ ದೊಡ್ಡ ಕಂಪನಿ ಸುತ್ತಮುತ್ತ ನಾಲ್ಕು ಕಡೆ ರೇಟ್ ಕೇಳಿ ಅತಿ ಕಮ್ಮಿಯವರಿಗೆ ಆರ್ಡರ್ ಕೊಡುತ್ತೆ. ನೀರು ಶುದ್ಧ ಮಾಡುವವನ ರೇಟು ಸಹಜವಾಗಿ ಜಾಸ್ತಿ. ಮೋರಿಗೆ ಬಿಡುವವನಿಗೆ ಆ ಖರ್ಚೇ ಇಲ್ಲ. ಹೀಗಾದರೆ ಪ್ರಾಮಾಣಿಕನೇ ಮೊದಲು ಬಾಗಿಲು ಹಾಕೋದು. ನನಗೆ ಹೊಟ್ಟೆ ಉರಿಯೋದು ಇಲ್ಲೇ.

ಪೀಣ್ಯದ ಅಂತರ್ಜಲದಲ್ಲಿ ಕ್ರೋಮಿಯಂ ಇರೋದು ಪರೀಕ್ಷೆಗಳಲ್ಲಿ ಮತ್ತೆ ಮತ್ತೆ ಕಂಡಿದೆ. ಮೋರಿಗೆ ಬಿಟ್ಟದ್ದು ಇಲ್ಲೇ ನಿಲ್ಲೋದೂ ಇಲ್ಲ. ವೃಷಭಾವತಿ ನದಿ ಸೇರಿ, ಕೆಂಗೇರಿ ದಾಟಿ, ಬಿಡದಿ ಹತ್ತಿರದ ಬೈರಮಂಗಲ ಕೆರೆಗೆ ಹೋಗುತ್ತೆ. ಅಲ್ಲಿನ ರೈತರ ಗದ್ದೆಗೆ ಅದೇ ನೀರು. ಅವರೇನು ತಪ್ಪು ಮಾಡಿದ್ದಾರೆ?

ಶೆಡ್‌ಗಳಿಗೆ ಬೀಗ ಹಾಕಿ ಅನ್ನುವವರಿಗೂ ಒಂದು ಮಾತು. ಬೀಗ ಹಾಕಿದರೆ ಕೆಲಸ ಇನ್ನೊಂದು ಗಲ್ಲಿಗೆ, ಬೋರ್ಡೇ ಇಲ್ಲದ ಮನೆಯ ಹಿಂಭಾಗಕ್ಕೆ ಹೋಗುತ್ತೆ. ಅಲ್ಲಿ ಮಂಡಳಿಗೆ ವಿಳಾಸವೂ ಸಿಗೋದಿಲ್ಲ.

ಸಣ್ಣ ಘಟಕಗಳ ನೀರನ್ನೆಲ್ಲ ಒಂದೇ ಕಡೆ ಶುದ್ಧ ಮಾಡುವ ಸಾಮೂಹಿಕ ಘಟಕವೇ ಇದಕ್ಕೆ ದಾರಿ. ಅಲ್ಲಿಗೆ ಹೋಗುವ ಟ್ಯಾಂಕರಿನ ಬಾಡಿಗೆ ಶೆಡ್‌ಗೆ ಕೈಗೆಟುಕಬೇಕು, ಇಲ್ಲದಿದ್ದರೆ ನೀರು ಮತ್ತೆ ಮೋರಿಗೇ. ಸರ್ಕಾರ ಸಹಾಯಧನ ಕೊಡಬೇಕಾದ್ದು ಈ ಸಾಗಾಟಕ್ಕೆ.

ಖರ್ಚಿಲ್ಲದ ಕೆಲಸಗಳೂ ಇವೆ. ಪಾರ್ಟನ್ನು ಎತ್ತಿದ ತಕ್ಷಣ ತೊಳೆಯದೆ, ಟ್ಯಾಂಕಿನ ಮೇಲೇ ಸ್ವಲ್ಪ ಹೊತ್ತು ನೇತಾಡಿಸಿದರೆ ತೊಟ್ಟಿಕ್ಕುವ ಕ್ರೋಮ್ ವಾಪಸ್ ಟ್ಯಾಂಕಿಗೇ ಬೀಳುತ್ತೆ. ಮೊದಲ ತೊಳೆತಕ್ಕೆ ಹರಿಯದ ನೀರಿನ ತೊಟ್ಟಿ ಇಟ್ಟರೆ, ಆ ನೀರನ್ನು ಮತ್ತೆ ಟ್ಯಾಂಕಿಗೆ ಸುರಿಯಬಹುದು. ಮೋರಿಗೆ ಹೋಗೋದೂ ಕಮ್ಮಿ, ಮಾಲೀಕನಿಗೆ ಕ್ರೋಮ್ ಉಳಿತಾಯ. ತಪಾಸಣೆಗೆ ಬಂದ ಅಧಿಕಾರಿ ಇದನ್ನು ನಿಂತು ತೋರಿಸಿಕೊಟ್ಟರೆ ಎಷ್ಟು ಚೆನ್ನ, ಅಲ್ವಾ?

ಮಾಲಿನ್ಯ ಇಲ್ಲವೇ ಇಲ್ಲ ಅನ್ನುವಷ್ಟಿರುವ ಬಿಳಿ ವರ್ಗದ ಉದ್ಯಮಗಳಿಗೆ ಒಪ್ಪಿಗೆ ಬೇಡ ಅಂತ 2024ರಲ್ಲಿ ಕೇಂದ್ರ ಸರ್ಕಾರ ಹೇಳಿತು. ಒಳ್ಳೆಯ ತೀರ್ಮಾನ. ಅಲ್ಲಿ ಉಳಿದ ಸಮಯವನ್ನು ಮಂಡಳಿ ಕೆಂಪು ವರ್ಗದ ಮೋರಿಗಳಿಗೆ ಕೊಡಲಿ. ಹೇಳದೆ ಬಂದು ನೀರು ತೆಗೆದುಕೊಂಡು ಹೋಗಲಿ, ಫಲಿತಾಂಶವನ್ನು ಶೆಡ್‌ನ ಗೇಟಿಗೇ ಅಂಟಿಸಲಿ. ಆರ್ಡರ್ ಕೊಡುವ ಕಂಪನಿಯವರೂ ರೇಟ್ ಕೇಳುವ ಮುಂಚೆ ಅದನ್ನು ಓದಲಿ.